ಅಪಘಾತ ಪರಿಹಾರ: ವಿಧವೆಯ, ಅನಾಥರ ಹಕ್ಕು

(ಯಾದಗಿರಿ, ಶಹಾಪುರ ಮತ್ತು ಸುರಪುರದ ಕುಟುಂಬಗಳನ್ನುದ್ದೇಶಿಸಿ ಮಾಡಿದ ಭಾಷಣ)





2023ರ ಜೂನ್‌ನಲ್ಲಿ ಕಲಬುರಗಿಯ ಖ್ವಾಜಾ ಬಂದೇ ನವಾಝರ ಉರೂಸಿಗೆ ಹೊರಟಿದ್ದ ಆಂಧ್ರದ ಐವರು ಯಾದಗಿರಿ ಸಮೀಪದ ಬಳಿಚಕ್ರದ ಬಳಿ, ನಿಂತಿದ್ದ ಲಾರಿಗೆ ತಮ್ಮ ವಾಹನ ಢಿಕ್ಕಿಯಾಗಿ ಮೃತಪಟ್ಟರು. 2025ರ ಮಾರ್ಚ್‌ನಲ್ಲಿ ಸುರಪುರ ತಾಲೂಕಿನ ತಿಂಥಣಿಯ ಬಳಿ ಬಸ್ಸು ಮತ್ತು ಬೈಕ್ ನಡುವಿನ ಢಿಕ್ಕಿಯಲ್ಲಿ ಒಂದೇ ಕುಟುಂಬದ ಐವರು ಅಸುನೀಗಿದರು. ಇಂತಹ ಸುದ್ದಿ ಬಂದಾಗ ನಾವು ಜನಾಝಕ್ಕೆ ಸೇರುತ್ತೇವೆ, ಸಾಂತ್ವನ ಹೇಳುತ್ತೇವೆ. ನಾಲ್ಕು ತಿಂಗಳ ಬಳಿಕ ಆ ಮನೆಯ ಒಲೆ ಹೇಗೆ ಉರಿಯುತ್ತಿದೆ ಎಂದು ವಿಚಾರಿಸುವವರು ವಿರಳ.

‘ತಕ್ದೀರಿನಲ್ಲಿದ್ದುದು ಆಯಿತು, ಸತ್ತವರ ಹೆಸರಲ್ಲಿ ಹಣ ಕೇಳುವುದೇ?’ ಎಂದು ಕೆಲವರು ಹಿಂಜರಿಯುತ್ತಾರೆ. ಮರಣ ಅಲ್ಲಾಹನ ವಿಧಿ, ನಿಜ. ಆದರೆ ಪ್ರಮಾದವಶಾತ್ ಜೀವಹಾನಿಯಾದಾಗ ಮೃತರ ಮನೆಯವರಿಗೆ ದಿಯತ್, ಅಂದರೆ ಪರಿಹಾರಧನ ಸಲ್ಲಬೇಕೆಂದು ಪವಿತ್ರ ಕುರ್‌ಆನಿನ ಅನ್ನಿಸಾ ಅಧ್ಯಾಯದ 92ನೇ ವಚನವು ಆದೇಶಿಸುತ್ತದೆ. ಅದನ್ನು ಬಿಟ್ಟುಕೊಡುವ ಅಧಿಕಾರವೂ ಆ ಮನೆಯವರದೇ, ಊರ ಪಂಚರದ್ದಲ್ಲ.

ನಮ್ಮ ಕಾನೂನಿನಲ್ಲೂ ಇದು ಹಕ್ಕು. 1988ರ ಮೋಟಾರು ವಾಹನ ಕಾಯ್ದೆಯ 166ನೇ ಸೆಕ್ಷನ್ ಪ್ರಕಾರ ಮೃತರ ವಾರಸುದಾರರು ಪರಿಹಾರ ನ್ಯಾಯಮಂಡಳಿಗೆ ಅರ್ಜಿ ಸಲ್ಲಿಸಬಹುದು. ದುಡಿಯಲು ಹೋದ ಮಗ ಬೆಂಗಳೂರಿನಲ್ಲಿ ಮೃತಪಟ್ಟಿದ್ದರೂ ತಾವು ವಾಸಿಸುವ ಪ್ರದೇಶದ ನ್ಯಾಯಮಂಡಳಿಯಲ್ಲೇ ದಾವೆ ಹೂಡಲು ಅವಕಾಶವಿದೆ. 2022ರ ಎಪ್ರಿಲ್‌ನಿಂದ ಇದಕ್ಕೆ ಆರು ತಿಂಗಳ ಗಡುವನ್ನು ವಿಧಿಸಲಾಗಿದೆ. ಗಡುವು ಸುಪ್ರೀಂ ಕೋರ್ಟಿನಲ್ಲಿ ಪ್ರಶ್ನಿಸಲ್ಪಟ್ಟಿದೆಯಾದರೂ ಅದನ್ನು ನಂಬಿ ಕೂರುವುದು ವಿವೇಕವಲ್ಲ. ಢಿಕ್ಕಿ ಹೊಡೆದ ವಾಹನದ ಗುರುತೇ ಸಿಗದಿದ್ದರೂ 2022ರ ಯೋಜನೆಯಂತೆ ಮೃತರ ಕುಟುಂಬಕ್ಕೆ 2 ಲಕ್ಷ ರೂಪಾಯಿ ದೊರೆಯುತ್ತದೆ.

ರಾಜಿಯ ಹೆಸರಲ್ಲಿ ಏನಾಗುತ್ತಿದೆಯೆಂದು ನೋಡಿ. ವಾಹನದ ಮಾಲಕ ಲಕ್ಷ ರೂಪಾಯಿ ಹಿಡಿದು ಬರುತ್ತಾನೆ, ಇದ್ದತ್ತಿನಲ್ಲಿರುವ ವಿಧವೆಯ ಹೆಬ್ಬೆಟ್ಟು ಪಡೆಯಲಾಗುತ್ತದೆ. ಒಂದು ಲೆಕ್ಕ ಹಾಕೋಣ. ತಿಂಗಳಿಗೆ 15 ಸಾವಿರ ಗಳಿಸುವ 32 ವರ್ಷದ ಗಾರೆ ಕೆಲಸಗಾರ. ಅವಲಂಬಿತರು ತಾಯಿ, ಪತ್ನಿ, ಇಬ್ಬರು ಮಕ್ಕಳು. ವಾರ್ಷಿಕ ಆದಾಯ 1,80,000. ಭವಿಷ್ಯದ ಗಳಿಕೆಗಾಗಿ ಶೇ. 40 ಸೇರಿಸಿದರೆ 2,52,000. ಆತನ ಸ್ವಂತ ಖರ್ಚೆಂದು ಕಾಲು ಭಾಗ ಕಳೆದರೆ 1,89,000. ಆ ವಯಸ್ಸಿಗೆ ನಿಗದಿಯಾದ 16ರಿಂದ ಗುಣಿಸಿದರೆ 30,24,000 ರೂಪಾಯಿ. ಸುಪ್ರೀಂ ಕೋರ್ಟು 2009ರ ಸರಳಾ ವರ್ಮಾ ಮತ್ತು 2017ರ ಪ್ರಣಯ್ ಸೇಠಿ ತೀರ್ಪುಗಳಲ್ಲಿ ನೀಡಿದ ಲೆಕ್ಕಾಚಾರವಿದು. ಗೃಹಿಣಿಯ ದುಡಿಮೆಗೂ ಬೆಲೆ ಕಟ್ಟಬೇಕೆಂದು ಅದೇ ನ್ಯಾಯಾಲಯ 2021ರಲ್ಲಿ ಹೇಳಿದೆ. ಮಂತ್ರಿಗಳು ಕ್ಯಾಮರಾ ಮುಂದೆ ನೀಡುವ ಚೆಕ್ಕು ಇದಕ್ಕೆ ಬದಲಿಯಲ್ಲ.

ಇನ್ನು ಹಣ ಬಂದ ಮೇಲಿನ ಅನ್ಯಾಯ. ಮಾವ, ಮೈದುನಂದಿರು ಹಣವನ್ನು ತಮ್ಮ ವಶಕ್ಕೆ ತೆಗೆದುಕೊಂಡು ಸೊಸೆಯನ್ನು ತವರಿಗೆ ಅಟ್ಟುವ ಪ್ರಸಂಗಗಳಿವೆ. ಪತಿಯ ದಿಯತ್‌ನಲ್ಲಿ ಪತ್ನಿಗೆ ಪಾಲಿಲ್ಲವೆಂದು ಹ. ಉಮರ್(ರ) ಭಾವಿಸಿದ್ದರು. ಅಶ್ಯಮ್‌ರ ಪತ್ನಿಗೆ ಪಾಲು ನೀಡುವಂತೆ ಪ್ರವಾದಿವರ್ಯರು(ಸ) ತಮಗೆ ಬರೆದಿದ್ದರೆಂದು ದಹ್ಹಾಕ್ ಬಿನ್ ಸುಫ್ಯಾನ್(ರ) ತಿಳಿಸಿದಾಗ ಖಲೀಫರು ತಮ್ಮ ಅಭಿಪ್ರಾಯವನ್ನು ಕೈಬಿಟ್ಟರು. ಖಲೀಫರೇ ತಲೆಬಾಗಿದ ಆದೇಶಕ್ಕೆ ನಾವು ತಲೆಬಾಗಬಾರದೇ? ಅನಾಥರ ಸೊತ್ತನ್ನು ಅನ್ಯಾಯವಾಗಿ ತಿನ್ನುವವರು ಹೊಟ್ಟೆಗೆ ಬೆಂಕಿಯನ್ನೇ ತುಂಬಿಕೊಳ್ಳುತ್ತಾರೆಂಬ ಎಚ್ಚರಿಕೆ ಕುರ್‌ಆನಿನಲ್ಲಿದೆ. ಅಪ್ರಾಪ್ತ ಮಕ್ಕಳ ಪಾಲನ್ನು ನ್ಯಾಯಮಂಡಳಿಗಳು ಬ್ಯಾಂಕಿನಲ್ಲಿ ಠೇವಣಿ ಇರಿಸುವುದು ಇಂತಹವರ ಕೈಯಿಂದ ಅದನ್ನು ಉಳಿಸಲಿಕ್ಕಾಗಿಯೇ.

ಆದ್ದರಿಂದ ನಮ್ಮ ಮಸೀದಿ ಕಮಿಟಿಗಳು ದಫನದೊಂದಿಗೆ ತಮ್ಮ ಹೊಣೆ ಮುಗಿಯಿತೆಂದು ಭಾವಿಸಬಾರದು. ಎಫ್‌ಐಆರ್, ಪಂಚನಾಮೆ, ಮರಣೋತ್ತರ ಪರೀಕ್ಷೆಯ ವರದಿ, ವಯಸ್ಸು ಮತ್ತು ಆದಾಯದ ದಾಖಲೆಗಳನ್ನು ಒದಗಿಸಿಕೊಡಲು ಇಬ್ಬರು ವಿದ್ಯಾವಂತ ಯುವಕರನ್ನು ನೇಮಿಸಲಿ. ಖಾಲಿ ಕಾಗದಕ್ಕೆ ಸಹಿ ಹಾಕದಂತೆ ಆ ಮನೆಯವರನ್ನು ಎಚ್ಚರಿಸಲಿ. ವಕೀಲರ ಶುಲ್ಕ ಹೊರೆಯಾದರೆ ಕಾನೂನು ಸೇವಾ ಸಮಿತಿಯ ಉಚಿತ ನೆರವಿದೆ. ಮಹಿಳೆಯರು ಆದಾಯ ಎಷ್ಟೇ ಇದ್ದರೂ ಅದಕ್ಕೆ ಅರ್ಹರು. ಈ ಸೇವೆ ನೆರೆಯ ಹಿಂದೂ ಸಹೋದರನ ಮನೆಗೂ ತಲುಪಲಿ.

ವಿಧವೆಯರ, ಅನಾಥರ ಹಕ್ಕನ್ನು ಕಾಪಾಡುವ ತೌಫೀಕನ್ನು ಅಲ್ಲಾಹನು ನಮಗೆ ಕರುಣಿಸಲಿ. ಆಮೀನ್.