ಅರ್ಧಕ್ಕೆ ನಿಂತ ಜಾನಕಿ
(ಅರಸೀಕೆರೆಯ ಅಕ್ಕನ ಬಳಗದ ಸಭೆಯಲ್ಲಿ ಆಡಿದ ಮಾತು)

ಅನುಭಾವದ ಸಭೆಯಲ್ಲಿ ಧಾರಾವಾಹಿಯ ಮಾತೇಕೆಂದು ಹಿರಿಯರು ಮುನಿಯಬಾರದು.

‘ಮಾಯಾಮೃಗ’ದ ಕಾಲದಿಂದಲೂ ನಾನು ಟಿ.ಎನ್. ಸೀತಾರಾಂ ಅವರ ಅಭಿಮಾನಿ. ಅವರ ಕಥೆಗಳಲ್ಲಿ ಹೆಣ್ಣುಮಕ್ಕಳು ಬರೀ ಅಳುವುದಿಲ್ಲ, ಎದುರು ನಿಂತು ಕೇಳುತ್ತಾರೆ. 2018ರಲ್ಲಿ ‘ಮಗಳು ಜಾನಕಿ’ ಶುರುವಾದ ಮೇಲಂತೂ ನಾನೂ ನಮ್ಮತ್ತೆಯವರೂ ರಾತ್ರಿ ಒಟ್ಟಿಗೆ ಕೂತು, ನ್ಯಾಯ ಯಾರ ಕಡೆಗೆಂದು ವಾದ ಮಾಡುತ್ತಿದ್ದೆವು. ಅಡುಗೆಮನೆಯಲ್ಲಿ ಆಡಲಾಗದ ಎಷ್ಟೋ ಮಾತು ಆ ನೆಪದಲ್ಲಿ ಆಡಿದ್ದೇವೆ.

2020ರಲ್ಲಿ ಕೊರೊನಾ ಬಂತು. ಚಿತ್ರೀಕರಣ ನಿಂತಿತು, ಧಾರಾವಾಹಿ ಅರ್ಧಕ್ಕೇ ಮುಗಿಯಿತು. ನಾವು ಕಡೆಯದಾಗಿ ನೋಡಿದ ಸಂಚಿಕೆ ಒಂದು ಗಂಟನ್ನೂ ಬಿಡಿಸಿರಲಿಲ್ಲ. ಸಿಟ್ಟು ಬಂತು. ಆದರೆ ಬೈಯಲು ಹೊರಟರೆ ಲೈಟು ಹಿಡಿಯುವವರು, ಬಣ್ಣ ಹಚ್ಚುವವರು ನೆನಪಾಗುತ್ತಿದ್ದರು. ನನಗೆ ಹೋದದ್ದು ಅರ್ಧ ಗಂಟೆ, ಅವರಿಗೆ ಕಾಯಕವೇ ಹೋಗಿತ್ತು.

ಬೇಲೂರಿನ ಅಕ್ಕ ಒಬ್ಬರು, “ಹಳೇಬೀಡಿನ ಗುಡಿಗೂ ಶಿಖರವಿಲ್ಲ, ಜನ ನೋಡುವುದಿಲ್ಲವೇ?” ಎಂದರು. ನಾನು ಒಪ್ಪಲಿಲ್ಲ. ಶಿಖರವಿಲ್ಲದಿದ್ದರೂ ಅಲ್ಲಿನ ಒಂದೊಂದು ಶಿಲ್ಪ ತನ್ನಷ್ಟಕ್ಕೆ ಪೂರ್ಣ. ಕಥೆ ಹಾಗಲ್ಲ, ಎತ್ತಿದ ಪ್ರಶ್ನೆಗೆ ಉತ್ತರ ಕೊಡಬೇಕು.

ನಮ್ಮತ್ತೆ ಲಿಂಗೈಕ್ಯರಾಗಿ ಮೂರು ವರ್ಷವಾಯಿತು. ಜಾನಕಿ ಗೆಲ್ಲುತ್ತಾಳೆಂದು ಅವರು, ಇಲ್ಲವೆಂದು ನಾನು. ನಮ್ಮ ವ್ಯಾಜ್ಯ ಇನ್ನೂ ತೀರಿಲ್ಲ.