ಕಲ್ಲಿನ ಮಾತು, ಫಿಲ್ಮಿನ ದನಿ

ಸಿಂಧನೂರಿನಿಂದ ಲಿಂಗಸುಗೂರಿಗೆ ಹೋಗುವ ದಾರಿಯಲ್ಲಿ ಮಸ್ಕಿ ಇದೆ. 1915ರಲ್ಲಿ ಗಣಿ ಎಂಜಿನಿಯರ್ ಬೀಡನ್ ಅಲ್ಲಿ ಕಂಡ ಬಂಡೆಬರಹದಲ್ಲಿ ‘ದೇವಾನಂಪಿಯ’ ಎಂಬ ಬಿರುದಿನೊಡನೆ ಅಶೋಕನ ಹೆಸರೂ ಇದ್ದುದರಿಂದ, ಆ ಬಿರುದಿನ ಅರಸನಾರೆಂಬ ಸಂದೇಹ ತೀರಿತು. ಹೆಸರು ಸಿಕ್ಕಿತು, ಮಾತೂ ಸಿಕ್ಕಿತು. ದನಿ ಮಾತ್ರ ಸಿಕ್ಕಲಿಲ್ಲ. ಅರಸನು ಎಲ್ಲಿ ತಡೆದು ನುಡಿದನೆಂಬುದನ್ನು ಕಲ್ಲು ಹೇಳದು.

ಮುಂದಾಳುಗಳ ದನಿಯನ್ನು ಮುಖದೊಡನೆಯೇ ಹಿಡಿದಿಡುವ ಉಪಾಯ ಇಪ್ಪತ್ತನೆಯ ಶತಮಾನದ್ದು. ದನಿಯ ಏರಿಳಿತವನ್ನು ಬೆಳಕಿನ ಏರಿಳಿತವಾಗಿ ಮಾರ್ಪಡಿಸಿ, ಫಿಲ್ಮಿನ ಅಂಚಿನಲ್ಲಿ ಕಿರಿದಾದ ಪಟ್ಟಿಯಾಗಿ ಮೂಡಿಸುವುದು ಅದರ ಮರ್ಮ. 1924ರಲ್ಲಿ ಲೀ ಡಿ ಫಾರೆಸ್ಟ್ ಅಮೆರಿಕದ ಅಧ್ಯಕ್ಷ ಕೂಲಿಜರನ್ನು ಹೀಗೆ ಸೆರೆಹಿಡಿದನು. ಅದೇ ವರ್ಷದ ಡಿಸೆಂಬರಿನಲ್ಲಿ ಗಾಂಧೀಜಿ ಬೆಳಗಾವಿಯ ಕಾಂಗ್ರೆಸ್ ಅಧಿವೇಶನದ ಅಧ್ಯಕ್ಷತೆ ವಹಿಸಿದರು. ಅವರು ಅಧ್ಯಕ್ಷರಾದದ್ದು ಅದೊಂದೇ ಅಧಿವೇಶನಕ್ಕೆ. ಕನ್ನಡನೆಲದ ಆ ಭಾಷಣವೂ, ಮಸ್ಕಿಯ ಶಾಸನದಂತೆ, ನಮಗೆ ಬರಹವಾಗಿಯೇ ಉಳಿದಿದೆ.

1931ರ ಏಪ್ರಿಲಿನಲ್ಲಿ, ‘ಆಲಂ ಆರಾ’ ತೆರೆಕಂಡು ಎರಡು ತಿಂಗಳೂ ಕಳೆಯದಿದ್ದಾಗ, ಫಾಕ್ಸ್ ಮೂವಿಟೋನ್ ತಂಡ ಗುಜರಾತಿನ ಬೋರ್ಸದಿಗೆ ಬಂದಿತು. ಗಾಂಧೀಜಿ ನೆಲದ ಮೇಲೆ ಕುಳಿತು ಇಂಗ್ಲಿಷಿನಲ್ಲಿ ಉತ್ತರಿಸುತ್ತಾರೆ. ತಗ್ಗಿದ ದನಿ, ಚುಟುಕು ಮಾತು, ನಡುನಡುವೆ ಮೌನ. ಸ್ವಾತಂತ್ರ್ಯಕ್ಕಾಗಿ ಸಾಯಲು ಸಿದ್ಧರೇ ಎಂದರೆ, ಅದು ಕೆಟ್ಟ ಪ್ರಶ್ನೆಯೆನ್ನುತ್ತಾರೆ. ಓದಿದರೆ ಇದು ಸಿಡುಕೆನಿಸೀತು, ಕೇಳಿದರೆ ಹಾಗೆನಿಸದು. ಪಾಠಾಂತರಗಳ ಜಗಳದಲ್ಲೇ ಆಯುಷ್ಯ ಸವೆಸಿದ ನನಗೆ ಆ ಮೌನಗಳೇ ಮೂಲಪಾಠವೆನಿಸಿದವು.

ಆದರೆ ಆ ಕಾಲದ ನೈಟ್ರೇಟ್ ಫಿಲ್ಮು ಬಂಡೆಯಲ್ಲ. ಬಹುಬೇಗ ಹೊತ್ತಿಕೊಳ್ಳುತ್ತದೆ, ಇಟ್ಟಲ್ಲೇ ಕೊಳೆಯುತ್ತದೆ. ತಾಳೆಗರಿಯಂತೆ ಅದನ್ನೂ ಮತ್ತೆ ಮತ್ತೆ ಪ್ರತಿಮಾಡುತ್ತಲೇ ಇರಬೇಕು.