ಕಾಳಯುಕ್ತಿ ಸಂವತ್ಸರದ ಜ್ವರ



ನಮ್ಮ ಮನೆಯಲ್ಲಿ ತಾತನ ಕಾಲದ ಒಂದು ಲೆಕ್ಕದ ಪುಸ್ತಕವಿದೆ. ತಾತ ತುಮಕೂರು ಸೀಮೆಯ ಒಂದು ಹಳ್ಳಿಯಲ್ಲಿ ಶಾನುಭೋಗರಾಗಿದ್ದವರು. ಮನೆಗೆ ಬಂದ ಕಾಳು, ಕೊಟ್ಟ ಕೂಲಿ, ಕರು ಹಾಕಿದ ಹಸು, ಹುಟ್ಟಿದ ಮಕ್ಕಳು, ತೀರಿಕೊಂಡ ಹಿರಿಯರು, ಎಲ್ಲವೂ ಅದರಲ್ಲಿ ಒಂದೇ ಬಗೆಯ ಅಕ್ಷರಗಳಲ್ಲಿ ದಾಖಲಾಗಿವೆ. ಕಾಳಯುಕ್ತಿ ಸಂವತ್ಸರದ ಆಶ್ವಯುಜ ಮಾಸದ ಪುಟದಲ್ಲಿ ನಾಲ್ಕು ಸಾಲುಗಳಿವೆ. ಮೊದಲನೆಯದು, ತಾಯಿಯವರು ಸ್ವರ್ಗಸ್ಥರಾದರು ಎಂದು. ಮೂರು ದಿನಗಳ ಅನಂತರ ತಂಗಿ. ಮರುದಿನ ಆ ತಂಗಿಯ ಕೂಸು. ಅದರ ಮುಂದೆ, ‘ಹೆಸರಿಟ್ಟಿರಲಿಲ್ಲ’ ಎಂಬ ಎರಡು ಮಾತು. ಐದು ದಿನ ಕಳೆದು ತಮ್ಮ. ಆಮೇಲೆ ಪುಟಗಳು ಖಾಲಿ. ಪುಷ್ಯ ಮಾಸದಲ್ಲಿ ಬರವಣಿಗೆ ಮತ್ತೆ ಆರಂಭವಾಗುತ್ತದೆ: ‘ಹುರುಳಿ ಎರಡು ಪಲ್ಲ’ ಎಂದು.

ಕಾಳಯುಕ್ತಿ ಸಂವತ್ಸರವೆಂದರೆ ಕ್ರಿಸ್ತಶಕ 1918. ಜಗತ್ತಿನ ಚರಿತ್ರೆಯಲ್ಲಿ ಅದು ಮೊದಲನೆಯ ಮಹಾಯುದ್ಧ ಮುಗಿದ ವರ್ಷ. ನಾವು ಶಾಲೆಯಲ್ಲಿ ಕಲಿತದ್ದೂ ಇಷ್ಟೇ, ಮುಂದೆ ಕಲಿಸಿದ್ದೂ ಇಷ್ಟೇ. ಆದರೆ ಆ ಯುದ್ಧದ ನಾಲ್ಕು ವರ್ಷಗಳಲ್ಲಿ ಮಡಿದ ಸೈನಿಕರ ಸಂಖ್ಯೆ ಒಂದು ಕೋಟಿಯ ಆಸುಪಾಸಿನದಾದರೆ, ಅದರ ಕೊನೆಗೆ ಬಂದ ಇನ್‌ಫ್ಲುಯೆಂಜಾ ಜ್ವರಕ್ಕೆ ಎರಡು ವರ್ಷಗಳೊಳಗೆ ಬಲಿಯಾದವರು ಸುಮಾರು ಐದು ಕೋಟಿ ಎಂದು ಇಂದಿನ ವಿದ್ವಾಂಸರಲ್ಲಿ ಹಲವರು ಅಂದಾಜು ಮಾಡುತ್ತಾರೆ. ಇಷ್ಟು ದೊಡ್ಡ ಸಾವು ಮನುಷ್ಯನ ನೆನಪಿನಿಂದ ಹೇಗೆ ಜಾರಿಹೋಯಿತು? ಈ ಪ್ರಶ್ನೆಯನ್ನು ನಿಮ್ಮ ಮುಂದಿಡುವುದೇ ಇಂದಿನ ನನ್ನ ಉದ್ದೇಶ.

ಇನ್‌ಫ್ಲುಯೆಂಜಾ ಎಂಬ ಮಾತು ಇಟಲಿಯದು. ಪ್ರಭಾವ ಎಂಬುದು ಅದರ ಅರ್ಥ. ಗ್ರಹನಕ್ಷತ್ರಗಳ ಪ್ರಭಾವದಿಂದ ಈ ಬೇನೆ ಬರುತ್ತದೆಂದು ಹಿಂದಿನವರು ನಂಬಿದ್ದರು. 1918ರ ಜ್ವರಕ್ಕೆ ‘ಸ್ಪ್ಯಾನಿಷ್ ಜ್ವರ’ವೆಂಬ ಹೆಸರು ಬಂದದ್ದು ಒಂದು ಅನ್ಯಾಯದ ಕಥೆ. ಆ ವರ್ಷದ ಮಾರ್ಚ್ ತಿಂಗಳಲ್ಲಿ ಅಮೆರಿಕದ ಕ್ಯಾನ್ಸಾಸ್ ಪ್ರಾಂತದ ಸೈನಿಕ ಶಿಬಿರವೊಂದರಲ್ಲಿ ನೂರಾರು ಯೋಧರು ಹಾಸಿಗೆ ಹಿಡಿದರು. ಅಲ್ಲಿಂದ ಹಡಗುಗಳಲ್ಲಿ ಸೈನಿಕರೊಡನೆ ಜ್ವರವೂ ಐರೋಪ್ಯ ರಣರಂಗಕ್ಕೆ ಹೋಯಿತು. ಕಾದಾಡುತ್ತಿದ್ದ ರಾಷ್ಟ್ರಗಳು ಸುದ್ದಿಯನ್ನು ಅದುಮಿಟ್ಟವು. ಯುದ್ಧದಿಂದ ದೂರವಿದ್ದ ಸ್ಪೇನಿನ ಪತ್ರಿಕೆಗಳು ಮಾತ್ರ ತಮ್ಮ ದೊರೆ ಹದಿಮೂರನೆಯ ಆಲ್ಫಾನ್ಸೊ ಜ್ವರದಲ್ಲಿ ಮಲಗಿದ್ದನ್ನು ಮುಚ್ಚಿಡದೆ ಬರೆದವು. ನಿಜ ಹೇಳಿದವರ ಕೊರಳಿಗೇ ಅಪಕೀರ್ತಿ ಬಿತ್ತು.

ಭಾರತಕ್ಕೆ ಈ ಜ್ವರ ಬಂದದ್ದು 1918ರ ಜೂನ್ ತಿಂಗಳಲ್ಲಿ, ಮುಂಬಯಿ ಬಂದರಿನ ಮೂಲಕ. ಹಡಗುಕಟ್ಟೆಯಲ್ಲಿ ಕಾವಲಿದ್ದ ಪೊಲೀಸ್ ಪೇದೆಗಳು ಮೊದಲು ಮಲಗಿದರು. ಆ ಸಲದ ಅಲೆ ಅಷ್ಟೊಂದು ಘೋರವಾಗಿರಲಿಲ್ಲ. ಸೆಪ್ಟೆಂಬರಿನಲ್ಲಿ ಎದ್ದ ಎರಡನೆಯ ಅಲೆ ಮಾತ್ರ ಸಾಕ್ಷಾತ್ ಯಮನಂತೆ ಬಂದಿತು. ಅಕ್ಟೋಬರ್ 6ರಂದು ಮುಂಬಯಿ ನಗರವೊಂದರಲ್ಲೇ 768 ಮಂದಿ ಸತ್ತರು. ಆ ಬಾರಿಯ ಮಹಾಲಯ ಅಮಾವಾಸ್ಯೆ ಕಳೆದು ಇನ್ನೂ ಎರಡು ದಿನ ತುಂಬಿರಲಿಲ್ಲವೆಂದು ಪಂಚಾಂಗದ ಲೆಕ್ಕ ಹೇಳುತ್ತದೆ.

ರೋಗ ರೈಲು ಹಿಡಿದು ಒಳನಾಡಿಗೆ ಹೊರಟಿತು. ಆ ವರ್ಷ ಮುಂಗಾರು ಕೈಕೊಟ್ಟಿತ್ತು. ಯುದ್ಧದ ದೆಸೆಯಿಂದ ಧಾನ್ಯದ ಬೆಲೆ ಏರಿತ್ತು. ವೈದ್ಯರಲ್ಲಿ ಅನೇಕರು ಸೈನ್ಯದೊಡನೆ ದೂರದ ದೇಶಗಳಲ್ಲಿದ್ದರು. ಹಸಿದ ಹೊಟ್ಟೆಗಳ ನಾಡಿಗೆ ಜ್ವರ ಕಾಲಿಟ್ಟಿತು. ಈ ದೇಶದಲ್ಲಿ ಸತ್ತವರು ಒಂದೂಕಾಲು ಕೋಟಿಗೆ ಕಡಿಮೆಯಿಲ್ಲವೆಂದು ಕೆಲವರು, ಒಂದೂಮುಕ್ಕಾಲು ಕೋಟಿಯಾದರೂ ಇರಬೇಕೆಂದು ಕೆಲವರು ಗಣಿಸಿದ್ದಾರೆ. ಬೇರಾವ ದೇಶವೂ ಇಷ್ಟು ಜನರನ್ನು ಕಳೆದುಕೊಳ್ಳಲಿಲ್ಲ. ಇಂದಿನ ಭಾರತದ ಎಲ್ಲೆಯೊಳಗೆ 1911ರಲ್ಲಿ 25 ಕೋಟಿ 21 ಲಕ್ಷದಷ್ಟಿದ್ದ ಜನ 1921ರ ಗಣತಿಯ ವೇಳೆಗೆ 25 ಕೋಟಿ 13 ಲಕ್ಷಕ್ಕೆ ಇಳಿದಿದ್ದರು. ಹತ್ತು ವರ್ಷದಲ್ಲಿ ಹುಟ್ಟಿದ ಮಕ್ಕಳೆಲ್ಲರನ್ನೂ ಕೂಡಿಸಿಕೊಂಡ ಮೇಲೂ ಬಂದ ಲೆಕ್ಕ ಇದು.

ಈ ಜ್ವರದ ಇನ್ನೊಂದು ವಿಪರೀತವನ್ನು ನಾವು ಗಮನಿಸಬೇಕು. ಸಾಮಾನ್ಯವಾಗಿ ಶೀತಜ್ವರಕ್ಕೆ ಬಲಿಯಾಗುವವರು ಎಳೆಯರು ಮತ್ತು ಮುದುಕರು. 1918ರಲ್ಲಿ ಇಪ್ಪತ್ತರಿಂದ ನಲವತ್ತರ ನಡುವಣ ಗಟ್ಟಿಮುಟ್ಟಾದವರೇ ಹೆಚ್ಚಾಗಿ ಹೋದರು. ಗರ್ಭಿಣಿಯರ ಪಾಡು ಅತ್ಯಂತ ದಾರುಣವಾಗಿತ್ತು. ನಮ್ಮ ದೇಶದಲ್ಲಿ ಗಂಡಸರಿಗಿಂತ ಹೆಂಗಸರು ಅಧಿಕವಾಗಿ ಸತ್ತರು. ಮನೆಯಲ್ಲಿ ಎಲ್ಲರೂ ಉಂಡು ಉಳಿದುದನ್ನು ಉಣ್ಣುವವಳು, ಎಲ್ಲರ ಶುಶ್ರೂಷೆಗೂ ಕೂರುವವಳು ಹೆಣ್ಣೇ ಆದುದರಿಂದ ಇದು ಆಶ್ಚರ್ಯವಲ್ಲ. ತಾತನ ತಂಗಿ ಬಾಣಂತನಕ್ಕೆ ತವರಿಗೆ ಬಂದಿದ್ದಳೆಂಬುದು ನನಗೆ ಗೊತ್ತಿತ್ತು. ಪುಸ್ತಕದ ಎರಡನೆಯ ಮತ್ತು ಮೂರನೆಯ ಸಾಲುಗಳಿಗೆ ಇರುವ ಸಂಬಂಧ ಈ ಅಂಕಿಅಂಶಗಳನ್ನು ಓದಿದ ಮೇಲೆ ನನಗೆ ಪೂರ್ತಿಯಾಗಿ ಅರ್ಥವಾಯಿತು.

ಇನ್ನು ನಾನು ಕೇಳಿದ ಪ್ರಶ್ನೆಗೆ ಬರುತ್ತೇನೆ. ಸಾಹಿತ್ಯದ ವಿದ್ಯಾರ್ಥಿಯಾದ ನನಗೆ ಮೊದಲು ಹೊಳೆಯುವುದು ಪ್ಲೇಗಿನ ಹೋಲಿಕೆ. 1898ರಲ್ಲಿ ಬೆಂಗಳೂರಿಗೆ ಪ್ಲೇಗು ಬಂದಾಗ ಊರಿನ ರೂಪವೇ ಬದಲಾಯಿತು. ಮಲ್ಲೇಶ್ವರ, ಬಸವನಗುಡಿಗಳಂತಹ ಬಡಾವಣೆಗಳು ಬೆಳೆದುದರ ಹಿಂದೆ ಅದರ ಭಯವಿದೆ. ಜನ ಆ ರೋಗಕ್ಕೊಬ್ಬ ದೇವಿಯನ್ನು ಕಂಡುಕೊಂಡು ಪ್ಲೇಗಮ್ಮನೆಂದು ಗುಡಿ ಕಟ್ಟಿದರು. ಕನ್ನಡ ಕಾದಂಬರಿಯಲ್ಲಿಯೂ ಪ್ಲೇಗಿಗೆ ಸ್ಥಾನ ದೊರೆಯಿತು. 1965ರ ‘ಸಂಸ್ಕಾರ’ದಲ್ಲಿ ಅಗ್ರಹಾರವನ್ನು ಅಲ್ಲಾಡಿಸುವುದು ಪ್ಲೇಗು. 1970ರ ‘ಗೃಹಭಂಗ’ದಲ್ಲಿ ನಂಜಮ್ಮನ ಮಡಿಲನ್ನು ಬರಿದು ಮಾಡುವುದೂ ಪ್ಲೇಗೇ. ಇಲಿ ಬಿದ್ದಿತೆಂದರೆ ಊರು ಬಿಡಬೇಕು, ಬಯಲಲ್ಲಿ ಗುಡಿಸಲು ಹಾಕಬೇಕು, ತಿಂಗಳುಗಟ್ಟಲೆ ಕಾಯಬೇಕು. ಅದಕ್ಕೊಂದು ಆರಂಭ, ಒಂದು ನಡು, ಒಂದು ಕೊನೆ ಇರುತ್ತಿತ್ತು. ಕಥೆಗೆ ಬೇಕಾದ ಕಾಲಾವಕಾಶವನ್ನು ಪ್ಲೇಗು ಕೊಟ್ಟಿತು. ಇನ್‌ಫ್ಲುಯೆಂಜಾ ಅದನ್ನು ಕೊಡಲಿಲ್ಲ. ಮೂರು ನಾಲ್ಕು ವಾರಗಳಲ್ಲಿ ಊರನ್ನು ಸವರಿಕೊಂಡು ಮುಂದೆ ಹೋಯಿತು. ಮೈಮೇಲೆ ಗಡ್ಡೆಯಿಲ್ಲ, ಮುಖದ ಮೇಲೆ ಕಲೆಯಿಲ್ಲ. ನೆಗಡಿ ಕೆಮ್ಮುಗಳ ವೇಷದಲ್ಲಿ ಬಂದ ಸಾವಿಗೆ ಗುಡಿ ಕಟ್ಟುವವರು ಯಾರು?

ಹಾಗೆಂದು ಲೇಖಕರು ಅದನ್ನು ಕಾಣದೆ ಇರಲಿಲ್ಲ. ಹಿಂದಿಯ ಮಹಾಕವಿ ನಿರಾಲಾ ಅವರು ಇಪ್ಪತ್ತರ ಆಸುಪಾಸಿನ ತರುಣರಾಗಿದ್ದಾಗ ಪತ್ನಿ ಮನೋಹರಾದೇವಿಯವರಿಗೆ ಕಾಯಿಲೆಯೆಂಬ ತಂತಿ ಬಂದು, ಬಂಗಾಳದಿಂದ ಗಂಗೆಯ ದಡದ ದಲಮವೂ ಊರಿಗೆ ಹೊರಟರು. ತಲುಪುವ ವೇಳೆಗೆ ಎಲ್ಲವೂ ಮುಗಿದಿತ್ತು. ಹೆಣಗಳಿಂದ ಉಬ್ಬಿದ ಗಂಗೆಯನ್ನು ಅವರು 1939ರ ತಮ್ಮ ‘ಕುಲ್ಲೀ ಭಾಟ್’ ಕೃತಿಯಲ್ಲಿ ನೆನೆದಿದ್ದಾರೆ. ಅಹಮದ್ ಅಲಿಯವರ 1940ರ ಕಾದಂಬರಿ ‘ಟ್ವೈಲೈಟ್ ಇನ್ ಡೆಲ್ಲಿ’ಯಲ್ಲಿ ದಿಲ್ಲಿಯ ಸ್ಮಶಾನಗಳ ಚಿತ್ರವಿದೆ. ತಾನೇ ಜ್ವರದಲ್ಲಿ ಸಾವಿನಂಚಿಗೆ ಹೋಗಿ ಬಂದ ಅಮೆರಿಕದ ಕ್ಯಾಥರಿನ್ ಆನ್ ಪೋರ್ಟರ್ ಅದನ್ನು ಕಥೆಯಾಗಿಸಲು ಇಪ್ಪತ್ತು ವರ್ಷ ಹಿಡಿಯಿತು. ಫ್ರಾನ್ಸಿನ ಕವಿ ಅಪೊಲಿನೇರ್ ಯುದ್ಧದಲ್ಲಿ ತಲೆಗೆ ಪೆಟ್ಟು ತಿಂದು ಬದುಕಿ ಬಂದವನು, ಶಾಂತಿಯ ಒಪ್ಪಂದಕ್ಕೆ ಎರಡು ದಿನ ಮುಂಚೆ ಈ ಜ್ವರದಲ್ಲಿ ತೀರಿಕೊಂಡ. ಇಷ್ಟಿದ್ದರೂ ಕೋಟಿಗಟ್ಟಲೆ ಸಾವಿನ ಮುಂದೆ ಈ ಬರಹಗಳು ಬೆರಳೆಣಿಕೆಯವು. ಮೊದಲನೆಯ ಮಹಾಯುದ್ಧದಲ್ಲಿ ಮಡಿದ ಎಪ್ಪತ್ತು ಸಾವಿರಕ್ಕೂ ಹೆಚ್ಚಿನ ಭಾರತೀಯ ಯೋಧರ ನೆನಪಿಗೆ ದಿಲ್ಲಿಯಲ್ಲಿ ಇಂಡಿಯಾ ಗೇಟ್ ಇದೆ. ಜ್ವರದಲ್ಲಿ ಹೋದವರಿಗೆ ಅಂತಹ ಕಲ್ಲೊಂದು ನಿಲ್ಲಲಿಲ್ಲ.

ಜನ ಮರೆತುದನ್ನು ನೆಲ ಮರೆಯಲಿಲ್ಲವೆಂಬುದಕ್ಕೆ ಒಂದು ನಿದರ್ಶನವಿದೆ. ಅಲಾಸ್ಕದ ಬ್ರೆವಿಗ್ ಮಿಷನ್ ಎಂಬ ಹಳ್ಳಿಯ ಎಂಬತ್ತು ವಯಸ್ಕರಲ್ಲಿ 72 ಮಂದಿ 1918ರ ನವೆಂಬರಿನ ಐದೇ ದಿನಗಳಲ್ಲಿ ಸತ್ತರು. ಹೆಪ್ಪುಗಟ್ಟಿದ ಮಣ್ಣಿನಲ್ಲಿ ಅವರನ್ನು ಒಟ್ಟಿಗೆ ಹೂಳಿದರು. ಯೋಹಾನ್ ಹುಲ್ಟಿನ್ ಎಂಬ ತರುಣ ವಿದ್ಯಾರ್ಥಿ 1951ರಲ್ಲಿ ಹಳ್ಳಿಯವರ ಒಪ್ಪಿಗೆ ಪಡೆದು ಅಲ್ಲಿ ಅಗೆದು, ರೋಗಾಣುವನ್ನು ಎಚ್ಚರಿಸಲಾಗದೆ ಹಿಂದಿರುಗಿದ. 1997ರಲ್ಲಿ ಎಪ್ಪತ್ತು ದಾಟಿದ ಮುದುಕನಾಗಿ ಮತ್ತೆ ಹೋದ. ಈ ಸಲ ದೊರೆತ ಶ್ವಾಸಕೋಶದ ತುಣುಕಿನ ನೆರವಿನಿಂದ 2005ರ ವೇಳೆಗೆ ವಿಜ್ಞಾನಿಗಳು 1918ರ ವೈರಸ್ಸಿನ ಪೂರ್ಣ ಸ್ವರೂಪವನ್ನು ಓದಿದರು. ಅದು ಹಕ್ಕಿಗಳ ವೈರಸ್ಸುಗಳನ್ನು ಬಹುವಾಗಿ ಹೋಲುತ್ತಿತ್ತು.

ಇನ್‌ಫ್ಲುಯೆಂಜಾ ವೈರಸ್ಸು ನಮ್ಮ ಹಗಲುವೇಷದವರಂತೆ. ಪ್ರತಿ ವರ್ಷವೂ ಬಣ್ಣವನ್ನು ಅಷ್ಟಿಷ್ಟು ಬದಲಿಸಿಕೊಳ್ಳುತ್ತದೆ. ಎಂದೋ ಒಮ್ಮೆ ಹಕ್ಕಿ ಅಥವಾ ಹಂದಿಯ ವೈರಸ್ಸಿನೊಡನೆ ಬೆರೆತು ಇಡೀ ವೇಷವನ್ನೇ ಬದಲಿಸುತ್ತದೆ. ಆಗ ನಮ್ಮ ದೇಹಕ್ಕೆ ಅದರ ಗುರುತು ಹತ್ತುವುದಿಲ್ಲ. 1957ರಲ್ಲಿ, 1968ರಲ್ಲಿ ಹೀಗೆಯೇ ಆಯಿತು; ಒಂದೊಂದು ಸಲವೂ ಜಗತ್ತಿನಲ್ಲಿ ಸುಮಾರು ಹತ್ತು ಲಕ್ಷ ಜನ ಸತ್ತರು. 2009ರಲ್ಲಿ ಹಂದಿಜ್ವರವೆಂಬ ಹೆಸರಿನಿಂದ ಮತ್ತೆ ಬಂದಿತು. ಈ ಮೂರರಲ್ಲಿಯೂ 1918ರ ವಂಶದ ಅಂಶಗಳಿದ್ದುವು.

ಮರೆವಿಗೆ ತೆರಬೇಕಾದ ಬೆಲೆಯನ್ನೂ ಹೇಳಬೇಕು. ಶಾಂತಸಾಗರದಲ್ಲಿ ಸಮೋವಾ ದ್ವೀಪಗಳಿವೆ. 1918ರಲ್ಲಿ ಪೂರ್ವ ಭಾಗ ಅಮೆರಿಕದ ಕೈಯಲ್ಲಿತ್ತು, ಪಶ್ಚಿಮ ಭಾಗ ನ್ಯೂಜಿಲೆಂಡಿನ ಕೈಯಲ್ಲಿ. ಪೂರ್ವದ ಅಧಿಕಾರಿ ಹಡಗುಗಳನ್ನು ತಡೆದು ದಿಗ್ಬಂಧನ ಹಾಕಿದ. ಅಲ್ಲಿ ಒಬ್ಬರೂ ಸಾಯಲಿಲ್ಲ. ಪಶ್ಚಿಮದಲ್ಲಿ ನವೆಂಬರ್ 7ರಂದು ಆಕ್ಲೆಂಡಿನಿಂದ ಬಂದ ಒಂದು ಹಡಗಿನ ರೋಗಿಗಳನ್ನು ಇಳಿಯಗೊಟ್ಟರು. ಐವರಲ್ಲಿ ಒಬ್ಬರಿಗಿಂತ ಹೆಚ್ಚು ಜನ ಸತ್ತರು. 2002ರಲ್ಲಿ ನ್ಯೂಜಿಲೆಂಡಿನ ಪ್ರಧಾನಿ ಹೆಲೆನ್ ಕ್ಲಾರ್ಕ್ ಸಮೋವಾಕ್ಕೆ ಹೋಗಿ ಕ್ಷಮೆ ಕೇಳಿದರು. ಎಂಬತ್ತನಾಲ್ಕು ವರ್ಷಗಳ ಬಳಿಕವಾದರೂ ಕ್ಷಮೆ ಕೇಳಲು ಸಾಧ್ಯವಾದುದು ಅಲ್ಲಿನ ಜನ ನೆನಪಿಟ್ಟುಕೊಂಡಿದ್ದರಿಂದ.

2020ರ ಮಾರ್ಚ್ ತಿಂಗಳಲ್ಲಿ ಕೋವಿಡ್ ಬೇನೆಯಿಂದ ಭಾರತದ ಮೊದಲ ಸಾವು ನಮ್ಮ ಕಲಬುರಗಿಯಲ್ಲಿ ಸಂಭವಿಸಿದಾಗ ಜನ ಥಟ್ಟನೆ 1918ನ್ನು ಹುಡುಕತೊಡಗಿದರು. ಕೋವಿಡ್ ಬೇರೆ ಜಾತಿಯ ವೈರಸ್ಸು. ಆದರೂ ಮುಖಗವಸು, ಮುಚ್ಚಿದ ಶಾಲೆ, ತುಂಬಿದ ಚಿತಾಗಾರ, ಇವೆಲ್ಲವನ್ನೂ ನಮ್ಮ ಹಿರಿಯರು ಕಂಡಿದ್ದರು. ನಾವು ಅವರನ್ನು ಕೇಳಿರಲಿಲ್ಲ.

ನಾನು ಒಮ್ಮೆ ಕೇಳಿದ್ದೆ. ಅದನ್ನು ಹೇಳಿ ಮುಗಿಸುತ್ತೇನೆ. ಪ್ರತಿ ಮಹಾಲಯ ಅಮಾವಾಸ್ಯೆಯಂದು ನಮ್ಮ ಅಜ್ಜಿ, ಎಲ್ಲರ ಊಟವಾದ ಮೇಲೆ, ಹಿತ್ತಲ ಪಾರಿಜಾತದ ಬುಡದಲ್ಲಿ ಒಂದು ಎಲೆ ಅನ್ನ ಇಟ್ಟು ಬರುತ್ತಿದ್ದರು. ನಾನು ಎಂ.ಎ. ಓದುತ್ತಿದ್ದ ದಿನಗಳಲ್ಲಿ ಒಂದು ಸಲ, ಅದು ಯಾರಿಗೆ ಎಂದೆ. ಕಾಳಯುಕ್ತಿಯಲ್ಲಿ ಅವರು ಹದಿನೈದು ವರ್ಷದ ಹೊಸ ಸೊಸೆ. ಅವರು ಹೇಳಿದ ಮಾತು ನನ್ನ ಕಿವಿಯಲ್ಲಿದೆ: ‘ಆ ವರ್ಷ ಬೊಂಬೆ ಕೂರಿಸ್ಲಿಲ್ಲ ಮಗು. ಮನೆಮಂದಿಯೆಲ್ಲಾ ಮಲಗಿದ್ವಿ. ಸತ್ತೋರಿಗೆ ಅಳೋಣ ಅಂದ್ರೆ ಎದ್ದು ಕೂತಿದ್ದೋರು ಯಾರು? ಕೊಟ್ಟಿಗೆ ಕೆಲಸಕ್ಕೆ ಬರ್ತಿದ್ದವಳು ದಿನಾ ಒಂದು ಕುಡಿಕೇಲಿ ರಾಗಿ ಅಂಬಲಿ ತಂದು ಜಗಲಿ ಮೇಲೆ ಇಟ್ಟು ಕೂಗ್ತಿದ್ಲು. ಅದನ್ನ ಕುಡಿದೇ ನಾನೂ ನಿಮ್ಮ ತಾತನೂ ಉಳಿದದ್ದು. ಮಡಿ ಗಿಡಿ ಯಾರಿಗೂ ಜ್ಞಾಪಕ ಇರ್ಲಿಲ್ಲ. ನಾವು ಎದ್ದು ಕೂತ ಮೇಲೆ ಮಡೀನೂ ಎದ್ದು ಕೂತಿತು. ದೀಪಾವಳಿಗೆ ಮುಂಚೆ ಅವಳೂ ಮಲಗಿದ್ಲು. ಕೇರಿಗೆ ಹೋಗಿ ನೋಡೋ ಹಾಗಿಲ್ಲ ಅಂದ್ರು. ನಾನು ಹೋಗ್ಲಿಲ್ಲ.’

ಅಜ್ಜಿ ಅವಳ ಹೆಸರನ್ನೂ ಹೇಳಿದರು. ನಿನಗಾದರೂ ಗೊತ್ತಿರಲಿ ಎಂದರು. ನಾನು ತಲೆಯಾಡಿಸಿದೆ. ನನ್ನ ಕೈಯಲ್ಲಿ ಆಗ ಪರೀಕ್ಷೆಗೆ ಓದುತ್ತಿದ್ದ ಹಳಗನ್ನಡ ಕಾವ್ಯವಿತ್ತು. ಬರೆದುಕೊಳ್ಳಲಿಲ್ಲ. ಅಜ್ಜಿ ಮರುವರ್ಷ ತೀರಿಕೊಂಡರು. ಮೂವತ್ತು ವರ್ಷಗಳಿಗೂ ಮಿಕ್ಕು ಸಾಹಿತ್ಯ ಪಾಠ ಹೇಳಿದ ನಾನು, ನೂರಾರು ಕವಿಗಳ ಹೆಸರು, ಕಾಲ, ಕೃತಿಗಳನ್ನು ಬಾಯಲ್ಲಿ ಇಟ್ಟುಕೊಂಡಿರುವ ನಾನು, ಆ ಒಂದು ಹೆಸರನ್ನು ಕಳೆದುಕೊಂಡೆ. ಕೋವಿಡ್ಡಿನ ದಿನಗಳಲ್ಲಿ ಮನೆಯಲ್ಲಿ ಕೂತು ಎಷ್ಟು ನೆನೆದರೂ ಅದು ಮರಳಿ ಬರಲಿಲ್ಲ. ಮಹಾಮಾರಿಯನ್ನು ಜಗತ್ತು ಹೇಗೆ ಮರೆಯಿತೆಂದು ಆಶ್ಚರ್ಯಪಡುವ ಅಧಿಕಾರ ನನಗಿಲ್ಲವೆಂದು ಆಗ ತಿಳಿಯಿತು.

1918ನ್ನು ಕಂಡವರನ್ನು ಕೇಳುವ ಕಾಲ ಮುಗಿಯಿತು. 2020ನ್ನು, 2021ನ್ನು ಕಂಡವರು ನಾವೇ. ನಮ್ಮ ಬಾಗಿಲಿಗೆ ಅನ್ನವನ್ನೋ ಔಷಧವನ್ನೋ ತಂದಿಟ್ಟವರ ಹೆಸರುಗಳು ನಮಗಿನ್ನೂ ನೆನಪಿವೆ. ದಯಮಾಡಿ ಬರೆದಿಡಿ.

ತಾತನ ಪುಸ್ತಕದಲ್ಲಿ ಆ ನಾಲ್ಕು ಸಾಲುಗಳ ಕೆಳಗೆ ನಾನು ಈಚೆಗೆ ಐದನೆಯ ಸಾಲೊಂದನ್ನು ಸೇರಿಸಿದ್ದೇನೆ: ‘ಅಂಬಲಿ ತಂದುಕೊಟ್ಟವಳು, ದೀಪಾವಳಿಗೆ ಮುಂಚೆ.’ ಹೆಸರಿಗೆ ಜಾಗ ಬಿಟ್ಟಿದ್ದೇನೆ.



(ಬಾನುಲಿ ಭಾಷಣ)